ಠಾಣೆಯಂಗಳದ ನಿಕ್ಷೇಪ

ಯಾವ ಊರಿನ ಪೋಲೀಸು ಠಾಣೆಯ ಹಿತ್ತಿಲಿಗೆ ಹೋಗಿ ನೋಡಿದರೂ ಬಹುಮಟ್ಟಿಗೆ ಒಂದೇ ದೃಶ್ಯವು ಕಣ್ಣಿಗೆ ಬೀಳುವುದು. ಗಾಳಿಯಿಳಿದು ನೆಲಕ್ಕೆ ಕುಸಿದ ಚಕ್ರಗಳು, ಮಳೆಗೆ ತೊಯ್ದು ಬಿಸಿಲಿಗೆ ಬಿರಿದ ಆಸನಗಳು, ತುಕ್ಕು ತಿಂದು ಜಾಳಾದ ತಗಡು, ಅದರ ಸಂದಿನಿಂದ ತಲೆಯೆತ್ತಿದ ಎಕ್ಕದ ಗಿಡ. ಲಾರಿಯೂ ಅಲ್ಲುಂಟು, ಮೋಟಾರು ಸೈಕಲ್ಲೂ ಉಂಟು. ಇವುಗಳಲ್ಲಿ ಕೆಲವು ಅಪಘಾತಕ್ಕೀಡಾದವು, ಕೆಲವು ಕಳವಾಗಿ ದೊರೆತವು. ಆದರೆ ಎಷ್ಟೋ ಗಾಡಿಗಳು ಯಾವ ಊನವೂ ಇಲ್ಲದೆ ಓಡುತ್ತಿದ್ದಾಗಲೇ, ಒಳಗೆ ಕಳ್ಳಮದ್ಯವಿತ್ತೆಂಬ ಕಾರಣದಿಂದ ಹಿಡಿದು ತಂದು ನಿಲ್ಲಿಸಲ್ಪಟ್ಟವು. ಮದ್ಯವನ್ನು ಚೆಲ್ಲಿದ್ದಾಯಿತು. ಅದನ್ನು ಸಾಗಿಸಿದವನು ಎಷ್ಟೋ ವೇಳೆ ಜಾಮೀನು ಕೊಟ್ಟು ಮನೆಗೆ ಹೋದದ್ದೂ ಆಯಿತು. ಗಾಡಿ ಮಾತ್ರ ಹೋಗಲಿಲ್ಲ. ಮನುಷ್ಯನಿಗೆ ದೊರೆತ ಜಾಮೀನು ಗಾಡಿಗೇಕೆ ದೊರೆಯಬಾರದು?

ಇದು ನಗೆಮಾತಿನಂತೆ ತೋರಿದರೂ ನಗೆಮಾತಲ್ಲ. ಉದಾಹರಣೆಗಾಗಿ ಕಾರವಾರದ ಕಡೆಯ ಒಬ್ಬ ವಿಧವೆಯನ್ನು ಕಲ್ಪಿಸಿಕೊಳ್ಳಬಹುದು. ಗಂಡನು ಸಾಲ ಮಾಡಿ ಕೊಂಡು ಬಿಟ್ಟುಹೋದ ಟೆಂಪೋ ಒಂದೇ ಅವಳಿಗೆ ಜೀವನಾಧಾರ. ಚಾಲಕನೊಬ್ಬನನ್ನು ಸಂಬಳಕ್ಕಿಟ್ಟು, ಬೆಳಗಿನ ಜಾವ ಮೀನು ತುಂಬಿ ಮಡಗಾಂವಿಗೆ ಕಳುಹಿಸುವಳು. ಗೋವೆಯಲ್ಲಿ ಮದ್ಯದ ಮೇಲಣ ಸುಂಕವು ಕರ್ನಾಟಕಕ್ಕಿಂತ ಕಡಿಮೆ. ಆದುದರಿಂದ ಗಡಿಯ ಈಚೆಗೆ ಬಂದ ಪ್ರತಿಯೊಂದು ಬಾಟಲಿಯಲ್ಲಿಯೂ ಸ್ವಲ್ಪ ಲಾಭವು ತಾನಾಗಿ ಹುಟ್ಟಿಕೊಳ್ಳುವುದು. ಒಂದು ದಿನ ಚಾಲಕನು ಬರಿದಾದ ಮೀನಿನ ಪೆಟ್ಟಿಗೆಗಳ ಅಡಿಯಲ್ಲಿ ಬಾಟಲಿಗಳನ್ನು ಅಡಗಿಸಿ ತರುತ್ತಾನೆ. ಮಾಜಾಳಿಯ ತನಿಖಾ ಠಾಣೆಯಲ್ಲಿ ಸಿಕ್ಕಿಬೀಳುತ್ತಾನೆ. ಮರುದಿನದಿಂದ ಅವಳಿಗೆ ಬಾಡಿಗೆಯಿಲ್ಲ. ಬ್ಯಾಂಕಿನ ಕಂತು ಮಾತ್ರ ನಿಲ್ಲುವುದಿಲ್ಲ. ಆರೋಪಿಯು ಅವಳಲ್ಲ, ಚಾಲಕನು. ಆದರೆ ಚಾಲಕನು ಬೇರೊಂದು ಗಾಡಿಯ ಚಕ್ರ ಹಿಡಿಯಬಲ್ಲನು. ಅವಳು ಏನನ್ನು ಹಿಡಿಯಬೇಕು?

ಇಲ್ಲಿ ಒಂದು ಭೇದವನ್ನು ಹೇಳಬೇಕು. ಕಾರವಾರದಲ್ಲಿ ಮದ್ಯವು ನಿಷಿದ್ಧವಲ್ಲ; ಸುಂಕ ತೆರದೆ, ರಹದಾರಿಯಿಲ್ಲದೆ ತರುವುದು ಅಪರಾಧ. ದಮಣದಿಂದ ನಾಲ್ಕು ಹೆಜ್ಜೆ ಈಚೆಗೆ, ಗುಜರಾತಿನ ವಲಸಾಡ ಜಿಲ್ಲೆಯಲ್ಲಿ, ಮದ್ಯವೇ ಅಪರಾಧ. ಒಂದು ಕಡೆ ಬೊಕ್ಕಸಕ್ಕೆ ಮಾಡಿದ ಮೋಸ, ಇನ್ನೊಂದು ಕಡೆ ಸಮಾಜವು ತಾನೇ ಹಾಕಿಕೊಂಡ ವ್ರತದ ಭಂಗ. ಆದರೆ ಗಾಡಿಯ ಪಾಲಿಗೆ ಎರಡೂ ಒಂದೇ: ಅದೇ ಹಿತ್ತಿಲು, ಅದೇ ಮಳೆ.

ಜಡವಸ್ತುವಿಗೆ ದೋಷವನ್ನು ಹೊರಿಸುವ ರೂಢಿ ಬಲು ಹಳೆಯದು. ಪ್ರಾಚೀನ ಅಥೆನ್ಸಿನಲ್ಲಿ ಮನುಷ್ಯನ ಸಾವಿಗೆ ಕಾರಣವಾದ ಕಲ್ಲನ್ನೂ ಕಬ್ಬಿಣವನ್ನೂ ಪ್ರಿತಾನೆಯೋನ್ ಎಂಬ ಸ್ಥಳದಲ್ಲಿ ವಿಚಾರಣೆಗೆ ಗುರಿಪಡಿಸಿ ಸೀಮೆಯಾಚೆ ಎಸೆಯುತ್ತಿದ್ದರು. ಇಂಗ್ಲೆಂಡಿನಲ್ಲಿ ಒಬ್ಬನನ್ನು ಕೊಂದ ಬಂಡಿಯಾಗಲಿ ಕುದುರೆಯಾಗಲಿ ದೇವರಿಗೆ ಸಲ್ಲತಕ್ಕ ವಸ್ತುವೆಂಬ ನೆವದಿಂದ ಅರಸನಿಗೆ ಸಲ್ಲುತ್ತಿತ್ತು. ಉಗಿಬಂಡಿಗಳು ಬಂದು ಜನರನ್ನು ಕೊಲ್ಲತೊಡಗಿ, ಪಂಚರು ರೈಲ್ವೆ ಕಂಪನಿಗಳ ಮೇಲೆ ಭಾರಿ ಮೊತ್ತಗಳನ್ನು ಹೊರಿಸತೊಡಗಿದ ಮೇಲೆ, 1846ರಲ್ಲಿ ಪಾರ್ಲಿಮೆಂಟು ಆ ಪದ್ಧತಿಯನ್ನು ಕೊನೆಗೊಳಿಸಿತು. ಬಡವನ ಬಂಡಿಯು ಹೋಗುತ್ತಿದ್ದಾಗ ಯಾರಿಗೂ ತೋರದ ಅನ್ಯಾಯವು ಕಂಪನಿಯ ಎಂಜಿನಿಗೆ ಬೆಲೆ ಕಟ್ಟಿದೊಡನೆ ಎಲ್ಲರಿಗೂ ತೋರಿಬಂದಿತು!

ಯೆಹೂದ್ಯರ ಪುರಾತನ ಧರ್ಮಗ್ರಂಥದಲ್ಲಿನ ವಿಧಿಯು ಇವೆಲ್ಲಕ್ಕಿಂತ ಸೂಕ್ಷ್ಮವಾದುದು. ಮನುಷ್ಯನನ್ನು ಹಾಯ್ದು ಕೊಂದ ಎತ್ತನ್ನು ಕಲ್ಲೆಸೆದು ಕೊಲ್ಲತಕ್ಕದ್ದು, ಒಡೆಯನು ನಿರ್ದೋಷಿ. ಆದರೆ ಎತ್ತು ಹಾಯುವ ಸ್ವಭಾವದ್ದೆಂದು ಒಡೆಯನಿಗೆ ಮೊದಲೇ ತಿಳಿಸಿದ್ದು, ಅವನು ಅದನ್ನು ಕಟ್ಟಿಹಾಕದೆ ಬಿಟ್ಟಿದ್ದರೆ ಅವನೂ ದಂಡಾರ್ಹನು. ವಸ್ತುವಿನ ದೋಷ ಬೇರೆ, ಒಡೆಯನ ಅರಿವು ಬೇರೆ ಎಂಬ ವಿವೇಕವು ಅಷ್ಟು ಹಿಂದೆಯೇ ಉಂಟಾಗಿತ್ತು. ಮೋಟಾರು ಗಾಡಿಯ ಕಾಲದಲ್ಲಿ ಈ ವಿವೇಕವು ಮುಂದುವರಿಯಿತೆಂದು ಹೇಳಲಾಗುವುದಿಲ್ಲ. ಅಮೆರಿಕೆಯಲ್ಲಿ ಒಬ್ಬ ವ್ಯಾಪಾರಿಯು ಹಡ್ಸನ್ ಕಾರೊಂದನ್ನು ಕಂತಿನ ಮೇಲೆ ಮಾರಿ, ಹಣವೆಲ್ಲ ಸಲ್ಲುವ ತನಕ ಒಡೆತನವನ್ನು ತನ್ನಲ್ಲೇ ಇರಿಸಿಕೊಂಡಿದ್ದನು. ಕೊಂಡವರ ಕೈಯಲ್ಲಿ ಅದು ಸುಂಕ ತೆರದ 58 ಗ್ಯಾಲನ್ ಮದ್ಯವನ್ನು ಹೊತ್ತು ಸಿಕ್ಕಿಬಿದ್ದಿತು. ವ್ಯಾಪಾರಿಗೆ ಅದರ ಸುಳಿವೇ ಇರಲಿಲ್ಲ. 1921ರಲ್ಲಿ ಅಲ್ಲಿಯ ಸುಪ್ರೀಂ ಕೋರ್ಟು, ಇದು ನ್ಯಾಯಕ್ಕೆ ವಿರುದ್ಧವಾಗಿ ತೋರುವುದೆಂಬುದನ್ನು ಅಲ್ಲಗಳೆಯದೆಯೇ, ವಸ್ತುವಿಗೆ ಒಂದು ಬಗೆಯ ವ್ಯಕ್ತಿತ್ವವನ್ನು ಆರೋಪಿಸುವ ಹಳೆಯ ರೂಢಿಯನ್ನು ಆಶ್ರಯಿಸಿ ಮುಟ್ಟುಗೋಲನ್ನು ಎತ್ತಿಹಿಡಿಯಿತು. ಆದರೆ ಅದೇ ದೇಶದ ಪಾನನಿರೋಧದ ಶಾಸನವು—1919ರಲ್ಲಿ ಅಂಗೀಕೃತವಾಗಿ 1933ರಲ್ಲಿ ಆ ಪ್ರಯೋಗದೊಡನೆ ಮುಗಿದುಹೋದುದು—ಹಿಡಿದ ವಾಹನದ ಬೆಲೆಯ ಎರಡರಷ್ಟಕ್ಕೆ ಜಾಮೀನಿನೊಡನೆ ಮುಚ್ಚಳಿಕೆ ಬರೆದುಕೊಟ್ಟ ಒಡೆಯನಿಗೆ ವಿಚಾರಣೆಯ ಕಾಲದಲ್ಲಿ ವಾಹನವನ್ನು ಹಿಂದಕ್ಕೆ ಕೊಡತಕ್ಕದ್ದೆಂದು ವಿಧಿಸಿತ್ತು. ಪಾನನಿರೋಧವನ್ನು ತಮ್ಮ ಸಂವಿಧಾನದಲ್ಲಿಯೇ ಬರೆದುಕೊಂಡವರು ಗಾಡಿಯನ್ನು ಕೊಳೆಯಿಸುವುದು ಆ ವ್ರತಕ್ಕೆ ಅವಶ್ಯವೆಂದು ಬಗೆಯಲಿಲ್ಲ.

ಭಾರತದ ಶಾಸನಗಳಲ್ಲಿ ಎರಡು ಮನಸ್ಸುಗಳು ಅಕ್ಕಪಕ್ಕದಲ್ಲಿ ಕುಳಿತಿವೆ. ಗುಜರಾತಿಗೆ ಇಂದಿಗೂ ಆಧಾರವಾಗಿರುವ 1949ರ ಮುಂಬಯಿ ಪಾನನಿರೋಧ ಕಾಯಿದೆಯ 98ನೆಯ ಕಲಮು, ಮದ್ಯ ಸಾಗಿಸಿದ ಪ್ರಾಣಿ, ಗಾಡಿ, ನಾವೆ, ಇತರ ವಾಹನ ಎಲ್ಲವೂ ಮುಟ್ಟುಗೋಲಿಗೆ ಅರ್ಹವೆಂದು ಸಾರುತ್ತದೆ. ಅದರ ಬೆನ್ನಿಗೇ ಬರುವ 99ನೆಯ ಕಲಮು, ಅಪರಾಧ ನಡೆಯದಂತೆ ತಕ್ಕ ಎಚ್ಚರ ವಹಿಸಿದ್ದೆನೆಂದು ಒಡೆಯನು ನ್ಯಾಯಾಲಯಕ್ಕೆ ಮನಗಾಣಿಸಿದರೆ ವಾಹನವನ್ನು ಮುಟ್ಟುಗೋಲು ಹಾಕಕೂಡದೆಂದು ತಡೆಯುತ್ತದೆ. ಮೊದಲನೆಯದು ವಸ್ತುವಿನ ಮುಖ ನೋಡಿ ಆಡಿದ ಮಾತು, ಎರಡನೆಯದು ಮನುಷ್ಯನ ಮುಖ ನೋಡಿ ಆಡಿದ ಮಾತು. ತರುವಾಯ 2011ರಲ್ಲಿ 98ನೆಯ ಕಲಮಿಗೆ ಇನ್ನೊಂದು ಬಾಲವು ಸೇರಿತು: ಮದ್ಯವು ನಿಯಮಿತ ಪ್ರಮಾಣಕ್ಕೆ ಮೀರಿದ್ದರೆ, ಕೊನೆಯ ತೀರ್ಪಿನವರೆಗೆ ವಾಹನವನ್ನು ಮುಚ್ಚಳಿಕೆಯ ಮೇಲಾಗಲಿ ಜಾಮೀನಿನ ಮೇಲಾಗಲಿ ಬಿಡಕೂಡದು. ತಾನು ಎಚ್ಚರ ವಹಿಸಿದ್ದೆನೆಂದು ಒಡೆಯನು ತೋರಿಸಿಕೊಳ್ಳುವ ದಿನವು ಬರುವಷ್ಟರಲ್ಲಿ ತೋರಿಸಿ ಪಡೆಯಬೇಕಾದ ಗಾಡಿಯೇ ಉಳಿದಿರದಂತೆ ಈ ಬಾಲವು ಮಾಡಿತು. ಬಿಹಾರದ 2016ರ ಕಾಯಿದೆಯು ಮತ್ತೂ ಒಂದು ಹೆಜ್ಜೆ ಮುಂದೆ ಹೋಗಿ, ಮುಟ್ಟುಗೋಲಿನ ಅಧಿಕಾರವನ್ನು ಜಿಲ್ಲಾ ಕಲೆಕ್ಟರನ ಕೈಗಿತ್ತು, ಆ ವಿಷಯದಲ್ಲಿ ನ್ಯಾಯಾಲಯಗಳ ಕೈಯನ್ನು ಕಟ್ಟಿತು. ಕೆಳಗಿನ ಬಾಗಿಲು ಮುಚ್ಚಿದಾಗ ಜನರು ಮೇಲಿನ ಬಾಗಿಲು ತಟ್ಟಿದರು. ಪಾಟ್ನಾದ ಉಚ್ಚ ನ್ಯಾಯಾಲಯಕ್ಕೆ ವಾಹನಗಳ ಬಿಡುಗಡೆಯ ಅರ್ಜಿಗಳು ರಾಶಿರಾಶಿಯಾಗಿ ಬಂದವು. ಹಳ್ಳಿಯ ಮೋಟಾರು ಸೈಕಲ್ಲಿಗಾಗಿ ರಾಜಧಾನಿಯ ರಿಟ್ ಅರ್ಜಿ! ದಂಡ ತೆತ್ತು ಬಿಡಿಸಿಕೊಳ್ಳುವ ದಾರಿಯನ್ನು 2022ರ ತಿದ್ದುಪಡಿಯು ಅಲ್ಲಿ ತೆರೆಯಿತು.

ಇಂಥ ಕಠೋರತೆಯನ್ನು ಕೇವಲ ಅಧಿಕಾರದ ಮದವೆಂದು ತಿಳಿಯುವುದು ಅನ್ಯಾಯವಾದೀತು. ಬೆಂಗಳೂರಿನಲ್ಲಿ 1981ರಲ್ಲಿ ವಿಷಮದ್ಯವನ್ನು ಕುಡಿದು ಮುನ್ನೂರಕ್ಕೂ ಹೆಚ್ಚು ಜನರು ಸತ್ತರು. ಅಹಮದಾಬಾದಿನಲ್ಲಿ 2009ರಲ್ಲಿ ನೂರಕ್ಕೂ ಹೆಚ್ಚು ಜನರು ಸತ್ತರು. ಆ ವಿಷವು ತಾನಾಗಿ ನಡೆದು ಬಂದುದಲ್ಲ. ಯಾವುದೋ ಗಾಡಿಯ ಮೇಲೆ ಕುಳಿತು ಬಂದುದು. ಕಳ್ಳಸಾಗಣೆಯ ಒಡೆಯನು ಎಂದೂ ಗಾಡಿಯಲ್ಲಿ ಕುಳಿತಿರುವುದಿಲ್ಲ. ಚಾಲಕನಿಗೆ ಅವನ ಹೆಸರು ತಿಳಿಯದು, ತಿಳಿದರೂ ಹೇಳನು. ಅವನನ್ನು ಮುಟ್ಟಲು ಸರಕಾರಕ್ಕೆ ಸಿಕ್ಕುವ ಒಂದೇ ಹಿಡಿಕೆಯೆಂದರೆ ಅವನ ಗಾಡಿ. ಅದನ್ನು ಎಂಟು ದಿನಗಳಲ್ಲಿ ಹಿಂದಕ್ಕೆ ಕೊಟ್ಟರೆ ಒಂಬತ್ತನೆಯ ದಿನ ಅದೇ ರಸ್ತೆಯಲ್ಲಿ ಅದೇ ಸರಕನ್ನು ಹೊತ್ತು ಬರುವುದು. ಮುಚ್ಚಳಿಕೆಯ ಖರ್ಚನ್ನು ಅವನು ವ್ಯಾಪಾರದ ಲೆಕ್ಕದಲ್ಲಿ ಬರೆದುಕೊಳ್ಳುವನು. ಈ ವಾದದಲ್ಲಿ ಸತ್ಯಾಂಶವುಂಟು. ಇದನ್ನು ಎದುರಿಸದೆ ಕೇವಲ ವಿಧವೆಯ ಕಣ್ಣೀರನ್ನು ಮುಂದಿಡುವವರ ಪಕ್ಷವು ದುರ್ಬಲವಾದುದು.

ಆದರೆ ಈ ವಾದವು ಎರಡು ಪ್ರಶ್ನೆಗಳನ್ನು ಒಂದೇ ಗಂಟಿನಲ್ಲಿ ಕಟ್ಟಿಬಿಡುತ್ತದೆ. ವಿಚಾರಣೆ ಮುಗಿದು ದೋಷವು ಸ್ಥಿರಪಟ್ಟ ಮೇಲೆ ವಾಹನವನ್ನು ಕಳೆದುಕೊಳ್ಳಬೇಕೆ ಎಂಬುದು ಒಂದು. ವಿಚಾರಣೆ ಮುಗಿಯುವ ತನಕ ಅದು ಎಲ್ಲಿರಬೇಕು ಎಂಬುದು ಮತ್ತೊಂದು. ಮೊದಲನೆಯದಕ್ಕೆ ಎಷ್ಟು ಕಠೋರವಾದ ಉತ್ತರವನ್ನು ಕೊಟ್ಟರೂ ಎರಡನೆಯದಕ್ಕೆ ಅದರಿಂದ ಉತ್ತರ ಬಾರದು. ತೀರ್ಪಿಗೆ ಮುಂಚೆ ಸರಕಾರವು ವಸ್ತುವನ್ನು ಹಿಡಿದಿಟ್ಟುಕೊಳ್ಳುವುದು ಎರಡೇ ಕಾರಣಗಳಿಂದ: ಅದು ಸಾಕ್ಷ್ಯವೆಂದು, ಮತ್ತು ಕೊನೆಗೆ ಮುಟ್ಟುಗೋಲಾಗಬೇಕಾದರೆ ಕೈಗೆ ಸಿಕ್ಕಬೇಕೆಂದು. ಸಾಕ್ಷ್ಯಕ್ಕೆ ಪಂಚನಾಮೆಯೂ ಛಾಯಾಚಿತ್ರವೂ ಸಾಕು. ಕೈಗೆ ಸಿಕ್ಕಬೇಕೆಂಬುದಕ್ಕೆ ಬೆಲೆಗೆ ತಕ್ಕ ಮುಚ್ಚಳಿಕೆ ಸಾಕು. ಇವೆರಡೂ ದೊರೆತ ಮೇಲೆಯೂ ಗಾಡಿಯನ್ನು ಬಿಡದಿದ್ದರೆ, ಒಡೆಯನಿಗೆ ನೋವಾಗಲಿ ಎಂಬುದೊಂದೇ ಕಾರಣವಾಗಿ ಉಳಿಯುತ್ತದೆ. ನೋವಿಗಾಗಿಯೇ ಕೊಟ್ಟ ನೋವಿಗೆ ಶಿಕ್ಷೆಯೆಂದು ಹೆಸರು. ಅದು ತೀರ್ಪಿನ ಹಿಂದೆ ಬರಬೇಕಾದುದು, ಮುಂದಲ್ಲ.

ಸುಪ್ರೀಂ ಕೋರ್ಟು 2002ರ ಅಕ್ಟೋಬರಿನಲ್ಲಿ ಗುಜರಾತಿನಿಂದಲೇ ಬಂದ ಒಂದು ಮೊಕದ್ದಮೆಯಲ್ಲಿ ಹೆಚ್ಚುಕಡಮೆ ಈ ದಾರಿಯಲ್ಲಿಯೇ ನಡೆಯಿತು. ಅದು ಮದ್ಯದ ಮೊಕದ್ದಮೆಯಲ್ಲ; ಠಾಣೆಯಲ್ಲಿದ್ದ ಮುದ್ದೇಮಾಲನ್ನು ಪೋಲೀಸಿನವರೇ ಅಪಹರಿಸಿದರೆಂಬ ಆಪಾದನೆಯಿಂದ ಹುಟ್ಟಿದುದು. ಸಾಮಾನ್ಯವಾಗಿ ಹದಿನೈದು ದಿನ, ಹೆಚ್ಚೆಂದರೆ ಒಂದು ತಿಂಗಳು. ಅದಕ್ಕಿಂತ ದೀರ್ಘಕಾಲ ವಸ್ತುಗಳು ಠಾಣೆಯಲ್ಲಿರಬೇಕಾಗಿಲ್ಲವೆಂದೂ, ವಾಹನಗಳನ್ನು ಬಹುಕಾಲ ನಿಲ್ಲಿಸಿಡುವುದರಿಂದ ಪ್ರಯೋಜನವಿಲ್ಲವೆಂದೂ, ತಕ್ಕ ಮುಚ್ಚಳಿಕೆ ಜಾಮೀನುಗಳನ್ನು ಪಡೆದು ಮ್ಯಾಜಿಸ್ಟ್ರೇಟರು ಕೂಡಲೆ ಆಜ್ಞೆ ಮಾಡಬೇಕೆಂದೂ ನ್ಯಾಯಮೂರ್ತಿಗಳು ಹೇಳಿದರು. 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯು ಹದಿನಾಲ್ಕು ದಿನಗಳೊಳಗೆ ವಸ್ತುವಿನ ವಿವರಪಟ್ಟಿ, ಛಾಯಾಚಿತ್ರ, ಆ ಮೇಲೆ ಮೂವತ್ತು ದಿನಗಳೊಳಗೆ ವಿಲೇವಾರಿಯ ಆಜ್ಞೆ ಎಂದು ಕಾಲವನ್ನೇ ಕಟ್ಟಿಕೊಟ್ಟಿದೆ. ಆದರೆ ಸಾಮಾನ್ಯ ಸಂಹಿತೆಯು ಹೇಳಿದುದನ್ನು ವಿಶೇಷ ಕಾಯಿದೆಯು ನುಂಗಬಹುದೆಂಬುದೇ ವಕೀಲರ ವಾದ. ಮದ್ಯದ ಗಾಡಿಗಳು ಸಿಕ್ಕಿಕೊಂಡಿರುವುದು ಈ ಸಂದಿನಲ್ಲಿ.

ಕಾಯಿದೆಗಳ ತೊಡಕನ್ನು ಬಿಟ್ಟು ನೋಡಿದರೆ ಈ ವಿಷಯಕ್ಕೆ ಒಪ್ಪುವ ಹಳೆಯ ಮಾತೊಂದು ಈ ನೆಲದಲ್ಲಿಯೇ ಉಂಟು. ಮನುಸ್ಮೃತಿಯು ಎಣಿಸುವ ಹದಿನೆಂಟು ವ್ಯವಹಾರಪದಗಳಲ್ಲಿ ಎರಡನೆಯದು ನಿಕ್ಷೇಪ. ಎಂದರೆ ಒಬ್ಬನು ಇನ್ನೊಬ್ಬನ ವಶದಲ್ಲಿ ಇಟ್ಟ ವಸ್ತು. ಇಟ್ಟುಕೊಂಡವನು ಅದನ್ನು ಹೇಗಿತ್ತೋ ಹಾಗೆ ಹಿಂದಕ್ಕೆ ಕೊಡಬೇಕು. ಅವನ ಅಜಾಗರೂಕತೆಯಿಂದ ಕೆಟ್ಟರೆ ಅವನೇ ತೆರಬೇಕು. ಅರಸನಾದರೂ ಇದಕ್ಕೆ ಹೊರಗಲ್ಲ. ಒಡೆಯನು ಯಾರೆಂದು ತಿಳಿಯದೆ ದೊರೆತ ವಸ್ತುವನ್ನು ಅರಸನು ಮೂರು ವರ್ಷ ಕಾದಿಡಬೇಕೆಂದು ಅದೇ ಗ್ರಂಥವು ಹೇಳುತ್ತದೆ. ಕಲ್ಯಾಣದಲ್ಲಿ ಕುಳಿತು ಮಿತಾಕ್ಷರೆಯನ್ನು ಬರೆದ ವಿಜ್ಞಾನೇಶ್ವರನು, ಕಳವಾದ ಸೊತ್ತನ್ನು ಕಳ್ಳರಿಂದ ಬಿಡಿಸಿ ಕೊಡಲಾರದ ಅರಸನು ತನ್ನ ಬೊಕ್ಕಸದಿಂದ ಅದನ್ನು ತುಂಬಿಕೊಡಬೇಕೆಂಬ ಪೂರ್ವಸ್ಮೃತಿಗಳ ಮತವನ್ನು ಅಂಗೀಕರಿಸಿದನು. ಕಳ್ಳರು ಒಯ್ದುದಕ್ಕೇ ಅರಸನು ಹೊಣೆಯಾದರೆ, ಅರಸನ ಆಳುಗಳೇ ಒಯ್ದು ತಂದು ನಿಲ್ಲಿಸಿದುದಕ್ಕೆ ಹೊಣೆ ಇನ್ನಾರದು?

ಇದು ಕೇವಲ ಪುರಾಣವಲ್ಲ. ಅಂದಿನ ಮೈಸೂರು ರಾಜ್ಯದ ಒಬ್ಬ ಹೆಣ್ಣುಮಗಳ ಮನೆಯಲ್ಲಿ ಕಳವಾದ ಒಡವೆಗಳು ಪೋಲೀಸರಿಗೆ ದೊರೆತು, ಠಾಣೆಯ ವಶದಲ್ಲಿದ್ದಾಗ ಮತ್ತೊಮ್ಮೆ ಮಾಯವಾದವು. ಕಳ್ಳನಿಂದ ಒಂದು ಸಲ, ಕಾವಲಿನಿಂದ ಒಂದು ಸಲ, ಹೀಗೆ ಎರಡು ಸಲ ಆ ಮನೆಯು ಸೊತ್ತನ್ನು ಕಳೆದುಕೊಂಡಿತು. ವಸ್ತುವೇ ಇಲ್ಲದಿರುವಾಗ ಹಿಂದಕ್ಕೆ ಕೊಡಿಸುವುದೆಂತು ಎಂದು ಕೆಳಗಿನ ನ್ಯಾಯಾಸ್ಥಾನಗಳು ಕೈಚೆಲ್ಲಿದ್ದವು. 1977ರಲ್ಲಿ ಸುಪ್ರೀಂ ಕೋರ್ಟು, ತಕ್ಕ ಎಚ್ಚರ ವಹಿಸಿದ್ದೆವೆಂದು ಸರಕಾರವು ತೋರಿಸಲಾರದಿದ್ದಾಗ ಒಡವೆಗಳ ಬೆಲೆಯನ್ನು ಕೊಡಿಸುವ ಅಧಿಕಾರವು ನ್ಯಾಯಾಲಯಕ್ಕೆ ಉಂಟೆಂದು ತೀರ್ಮಾನಿಸಿತು. ಒಡವೆ ಒಂದು ರಾತ್ರಿಯಲ್ಲಿ ಮಾಯವಾಗುವುದು. ಗಾಡಿ ಹತ್ತು ಮಳೆಗಾಲಗಳಲ್ಲಿ ಮಾಯವಾಗುವುದು. ಮೊದಲನೆಯದು ಕಳವು, ಎರಡನೆಯದು ಕ್ರಮ ಎಂದು ಕರೆಯುವುದಕ್ಕೆ ನಿಧಾನವೊಂದೇ ಕಾರಣವೆಂದಾದರೆ ವಿಚಿತ್ರವಲ್ಲವೆ? ತೀರ್ಪಿನವರೆಗೆ ಒಡೆತನವು ಒಡೆಯನದೇ. ಸರಕಾರದ್ದು ಕೇವಲ ವಶ. ಠಾಣೆಯಂಗಳದ ಗಾಡಿಯು ನಿಕ್ಷೇಪವೇ ಹೊರತು ಕೊಳ್ಳೆಯಲ್ಲ.

ಹೀಗೆಂದ ಮಾತ್ರಕ್ಕೆ ಒಡೆಯರೆಲ್ಲರೂ ನಿರ್ದೋಷಿಗಳೆಂದು ತಿಳಿಯಬಾರದು. ತಿಳಿದವನು, ತಿಳಿಯದವನು ಎಂದು ಇಬ್ಬರೇ ಇದ್ದಿದ್ದರೆ ನ್ಯಾಯಾಧೀಶನ ಕೆಲಸವು ಸುಲಭವಾಗುತ್ತಿತ್ತು. ತಿಳಿಯಲೊಲ್ಲದವನು ಎಂಬ ಮೂರನೆಯವನು ಉಂಟು. ರಾತ್ರಿಯ ಒಂದು ಸರತಿಗೆ ಮೂರರಷ್ಟು ಬಾಡಿಗೆ ಬಂದಾಗ ಏನನ್ನು ಸಾಗಿಸುವಿರೆಂದು ಕೇಳದೆ ಹಣವೆಣಿಸಿಕೊಂಡವನು ಅವನು. ಅವನಿಗೆ ಕಣ್ಣಿಲ್ಲವೆಂದಲ್ಲ, ಕಣ್ಣು ಮುಚ್ಚಿಕೊಳ್ಳುವುದಕ್ಕೆ ಬಾಡಿಗೆ ಪಡೆದಿದ್ದಾನೆ. ಇಂಥವನ ಗಾಡಿಯು ಕೊನೆಗೆ ಹೋಗುವುದೇ ಧರ್ಮ. ಆದರೆ ಮೀನಿನ ಟೆಂಪೋದ ವಿಧವೆ ಇವನಲ್ಲವೆಂದು ಯಾರು, ಎಲ್ಲಿ ಗೊತ್ತುಮಾಡಬೇಕು? ಎರಡೂ ಕಡೆಯ ಮಾತು ಕೇಳುವ ಸ್ಥಳವೊಂದು ಬೇಕು, ಅದೂ ಬೇಗನೆ ಬೇಕು. ಇಂಥ ಮುಟ್ಟುಗೋಲಿನ ಶಾಸನಗಳಲ್ಲಿ ಕೆಲವು, ಒಡೆಯನಿಗೆ ಮಾತ್ರವಲ್ಲ, ಗಾಡಿಯ ಹೊಣೆ ಹೊತ್ತವನಿಗೂ ಅರಿವಿರಲಿಲ್ಲವೆಂದು ಒಡೆಯನೇ ರುಜುಪಡಿಸಬೇಕೆಂದು ಕೇಳುತ್ತವೆ. ಕರ್ನಾಟಕದ ಅರಣ್ಯ ಕಾಯಿದೆಯಲ್ಲಿ ಇಂಥ ಮಾತುಂಟು. ಬಚ್ಚಿಟ್ಟವನೇ ಚಾಲಕನಾಗಿರುವಾಗ ಅವನಿಗೆ ಅರಿವಿರಲಿಲ್ಲವೆಂದು ಯಾವ ದೇವರ ಮುಂದೆ ಪ್ರಮಾಣ ಮಾಡಿ ತೋರಿಸುವುದು?

ಮುಚ್ಚಳಿಕೆಯೂ ನಿಷ್ಕಳಂಕವಲ್ಲ. ಬೆಲೆಗೆ ತಕ್ಕ ಜಾಮೀನುದಾರನು ಹಣವಂತನಿಗೆ ಬೆಳಗಾಗುವುದರೊಳಗೆ ಸಿಕ್ಕುವನು. ಬಡವನಿಗೆ ಪಹಣಿಪತ್ರ ಹಿಡಿದು ನಿಲ್ಲುವ ನೆಂಟನನ್ನು ಹುಡುಕುವುದರಲ್ಲೇ ತಿಂಗಳು ಕಳೆಯುವುದು. ಕಳ್ಳಸಾಗಣೆಯ ಯಜಮಾನನ ಗಾಡಿಯು ಮೊದಲು ಬಿಡುಗಡೆಯಾಗಿ ವಿಧವೆಯ ಟೆಂಪೋ ಹಿಂದುಳಿಯುವುದೇ ಹೆಚ್ಚು ಸಂಭವ. ಇದಕ್ಕೆ ಮದ್ದು ಬಿಡುಗಡೆಯನ್ನೇ ನಿಲ್ಲಿಸುವುದಲ್ಲ, ಅದರ ಷರತ್ತುಗಳನ್ನು ಮನುಷ್ಯನ ಅಳತೆಗೆ ತಕ್ಕಂತೆ ಕತ್ತರಿಸುವುದು: ಮೊದಲ ಸಲ ಸಿಕ್ಕಿದವರಿಗೆ ಸ್ವಂತ ಮುಚ್ಚಳಿಕೆ, ಪರಭಾರೆ ಮಾಡೆನೆಂಬ ಮಾತು, ಕರೆದಾಗ ತರುವೆನೆಂಬ ಮಾತು, ಎರಡನೆಯ ಸಲ ಸಿಕ್ಕಿದ ಗಾಡಿಗೆ ಕಠಿನವಾದ ಬೇರೊಂದು ಅಳತೆ. ಹಾಯುವ ಎತ್ತೆಂದು ತಿಳಿಸಿದ ಮೇಲೂ ಕಟ್ಟದವನ ಮಾತು ಆಗ ಬರುವುದು.

ಗುಜರಾತಿನ ವಿಧಾನಸಭೆಯು 2024ರಲ್ಲಿ ಇನ್ನೊಂದು ಉಪಾಯವನ್ನು ಅಂಗೀಕರಿಸಿತು: ಹಿಡಿದ ವಾಹನವನ್ನು ತೀರ್ಪಿಗೆ ಮೊದಲೇ ಹರಾಜು ಹಾಕುವುದು. ಕೊಳೆಯುವುದಕ್ಕಿಂತ ಇದು ಲೇಸೆಂಬುದರಲ್ಲಿ ಸಂದೇಹವಿಲ್ಲ. ತುಕ್ಕಿಗೆ ಬೆಲೆಯಿಲ್ಲ, ಹಣಕ್ಕುಂಟು. ಆದರೂ ಮನಸ್ಸು ಪೂರ್ತಿಯಾಗಿ ಒಪ್ಪುವುದಿಲ್ಲ. ಹರಾಜಿನಲ್ಲಿ ಗಾಡಿಗೆ ಬರುವುದು ಹರಾಜಿನ ಬೆಲೆ. ನಿರ್ದೋಷಿಯೆಂದು ತೀರ್ಪಾದ ದಿನ ಆ ಹಣವು ಕೈಗೆ ಬಂದರೂ, ಮಧ್ಯದ ವರ್ಷಗಳ ದುಡಿಮೆಯು ಬಾರದು. ಟೆಂಪೋ ಅವಳಿಗೆ ಸೊತ್ತಾಗಿರಲಿಲ್ಲ, ಕಸುಬಾಗಿತ್ತು. ಕಸುಬನ್ನು ಹರಾಜು ಹಾಕಿ ಹಣವನ್ನು ಪೆಟ್ಟಿಗೆಯಲ್ಲಿಟ್ಟು ಕಾಯುವೆವೆನ್ನುವ ನಿಕ್ಷೇಪಧಾರಿಯು, ಕೊಳೆಯಿಸುವವನಿಗಿಂತ ಮೇಲಾದರೂ, ಗಾಡಿಯನ್ನೇ ಹಿಂದಕ್ಕೆ ಕೊಟ್ಟು ಕರೆದಾಗ ತಾ ಎಂದವನಿಗಿಂತ ಕೆಳಗಿನವನು.

ಮಾಜಾಳಿಯಲ್ಲಿ ಹಿಡಿದ ಆ ಕಲ್ಪನೆಯ ಟೆಂಪೋ ಕೊನೆಗೆ ಬಿಡುಗಡೆಯಾಯಿತೆಂದೇ ಇಟ್ಟುಕೊಳ್ಳಬಹುದು. ಒಡತಿಯು ಆಜ್ಞಾಪತ್ರವನ್ನು ಸೆರಗಿನಲ್ಲಿ ಕಟ್ಟಿಕೊಂಡು ಠಾಣೆಗೆ ಬರುತ್ತಾಳೆ. ಪೇದೆಯು ಗಿಡಗಳನ್ನು ಕಾಲಿನಿಂದ ಸರಿಸಿ ಗಾಡಿಯನ್ನು ತೋರಿಸುತ್ತಾನೆ. ಬ್ಯಾಟರಿಯಿಲ್ಲ, ಚಕ್ರ ನಾಲ್ಕರಲ್ಲಿ ಎರಡಿಲ್ಲ. ಮೀನಿನ ವಾಸನೆಯೂ ಹೋಗಿದೆ. ಎಳೆದೊಯ್ಯಲು ಲಾರಿಯ ಬಾಡಿಗೆ ಎಷ್ಟಾದೀತೆಂದು ಅವಳು ಮನಸ್ಸಿನಲ್ಲಿಯೇ ಲೆಕ್ಕ ಹಾಕುತ್ತಿರುವಾಗ ಬರವಣಿಗೆಯ ಜಮಾದಾರನು ರಶೀದಿಯನ್ನು ಮುಂದಿಡುತ್ತಾನೆ. ವಾಹನವು ಸುಸ್ಥಿತಿಯಲ್ಲಿ ಸಂದಿತೆಂದು ಅದರಲ್ಲಿ ಮೊದಲೇ ಅಚ್ಚಾಗಿದೆ. ಅವಳು ಹೆಬ್ಬೆಟ್ಟನ್ನು ಮಸಿಗೆ ಒತ್ತುತ್ತಾಳೆ.